ಚಿಪ್ಪಿನ ದಿಬ್ಬ

ಕಳೆದ ಮಾರ್ಚಿನ ಒಂದು ಬೆಳಿಗ್ಗೆ ಮೆಲ್ಬರ್ನ್ ಬಳಿಯ ಪಾಯಿಂಟ್ ಕುಕ್‌ನ ಕಡಲ ದಂಡೆಯಲ್ಲಿ ಮೊಮ್ಮಗಳ ಜೊತೆ ನಡೆಯುತ್ತಿದ್ದೆ. ನೀರು ಬಹಳ ದೂರ ಇಳಿದಿತ್ತು. ಗಾಳಿ ತಿರುಗಿತು, ಕೆಸರಿನ ವಾಸನೆ ಬಂತು. ಕೊಳೆತ ಮೊಟ್ಟೆ, ಉಪ್ಪು, ನೆನೆದ ಎಲೆ ಎಲ್ಲ ಕಲೆತ ವಾಸನೆ. "ಅಜ್ಜೀ, ಯಕ್! ಲೆಟ್ಸ್ ಗೋ," ಎಂದು ಹುಡುಗಿ ಮೂಗು ಹಿಡಿದುಕೊಂಡಳು. ನನಗೆ ಅಲ್ಲಿಂದ ಕಾಲು ಕೀಳಲು ಆಗಲಿಲ್ಲ. ಇಂಥದೇ ವಾಸನೆಯನ್ನು ಕೂದಲಲ್ಲಿ, ಉಗುರಿನ ಸಂದಿಯಲ್ಲಿ, ಊಟದ ಡಬ್ಬಿಯಲ್ಲಿ ಹೊತ್ತುಕೊಂಡು ನಾನು ಒಂದು ವರ್ಷ ಓಡಾಡಿದ್ದೇನೆ. ಆ ವರ್ಷದ ಬಗ್ಗೆ ಮಗಳಿಗೂ ಪೂರ್ತಿಯಾಗಿ ಹೇಳಿಲ್ಲ.

ನಾವು ಸಿಡ್ನಿಗೆ ಬಂದದ್ದು ಎಂಬತ್ತರ ದಶಕದ ಕೊನೆಯಲ್ಲಿ. ನನ್ನ ಗಂಡ ಶ್ರೀಧರ ಇಂಜಿನಿಯರು. ಅವರಿಗೆ ಚಾಟ್ಸ್‌ವುಡ್‌ನ ಒಂದು ಆಫೀಸಿನಲ್ಲಿ ಬೇಗನೆ ಕೆಲಸ ಸಿಕ್ಕಿತು. ಬ್ಲ್ಯಾಕ್‌ಟೌನ್‌ನಲ್ಲಿ ರೆಂಟ್‌ಗೆ ಮನೆ ಹಿಡಿದೆವು. ನಾನು ಮೈಸೂರಿನ ಒಂದು ಕಾಲೇಜಿನಲ್ಲಿ ಹತ್ತು ವರ್ಷ ಪ್ರಾಣಿಶಾಸ್ತ್ರ ಪಾಠ ಮಾಡಿದವಳು. ಪಿಎಚ್‌ಡಿಗೆ ಕುಮಟಾ ಕಡೆಯ ಅಘನಾಶಿನಿ ಅಳಿವೆಯಲ್ಲಿ ಚಿಪ್ಪಿಕಲ್ಲು ಎಂಬ ಚಿಪ್ಪುಜೀವಿಗಳ ಮೇಲೆ ಕೆಲಸ ಮಾಡಿದ್ದೆ. ಇಲ್ಲಿ ಅದನ್ನು ಕೇಳುವವರಿರಲಿಲ್ಲ. ಎಲ್ಲಿ ಅರ್ಜಿ ಹಾಕಿದರೂ "ಲೋಕಲ್ ಎಕ್ಸ್‌ಪೀರಿಯನ್ಸ್ ಇದೆಯಾ?" ಎಂಬ ಒಂದೇ ಪ್ರಶ್ನೆ. ಎರಡು ವರ್ಷ ಒಂದು ಔಷಧಿ ಕಾರ್ಖಾನೆಯಲ್ಲಿ ಬಾಟಲಿಗಳಿಗೆ ಲೇಬಲ್ ಸರಿಯಾಗಿ ಅಂಟಿದೆಯೋ ಇಲ್ಲವೋ ನೋಡುತ್ತಾ ನಿಂತೆ.

ತೊಂಬತ್ತರ ದಶಕ ಆಗಷ್ಟೇ ಶುರುವಾಗಿತ್ತು. ಪರಿಸರ ವರದಿಗಳನ್ನು ಬರೆದುಕೊಡುವ ಒಂದು ಚಿಕ್ಕ ಕಂಪನಿ ನನ್ನನ್ನು ಒಂದು ವರ್ಷದ ಕಾಂಟ್ರ್ಯಾಕ್ಟ್ ಮೇಲೆ ತೆಗೆದುಕೊಂಡಿತು. ಸಿಡ್ನಿಯಿಂದ ಉತ್ತರಕ್ಕೆ ಕಾರಿನಲ್ಲಿ ಮೂರು ಗಂಟೆ ದೂರದಲ್ಲಿ ಒಂದು ಕೊಲ್ಲಿ. ಅದರ ದಕ್ಷಿಣದ ದಡದಲ್ಲಿ ಶ್ರೀಮಂತರ ದೋಣಿಗಳು ತಂಗುವ ಮರೀನಾ, ಹೋಟೆಲು ಕಟ್ಟಬೇಕೆಂದು ಯಾರೋ ಹೊರಟಿದ್ದರು. ಅದಕ್ಕೆ ಮೊದಲು ಅಲ್ಲಿನ ಕೆಸರು, ಗಿಡ, ಏಡಿ, ಹಕ್ಕಿಗಳ ಲೆಕ್ಕ ಬರೆದು ಕೊಡಬೇಕಿತ್ತು. ಸೋಮವಾರ ಹೋಗಿ ಗುರುವಾರ ವಾಪಸ್ಸು. ಮಗಳು ಅನುಗೆ ಏಳು ವರ್ಷ. ಪಕ್ಕದ ಮನೆಯ ಪಂಜಾಬಿ ಆಂಟಿ ಸ್ಕೂಲಿನಿಂದ ಕರೆತರಲು ಒಪ್ಪಿದರು. ಕಂಪನಿಯ ಮಾಲೀಕ ಗ್ರಹಾಂ ಮೊದಲ ದಿನವೇ, "ವರದಿ ಚೆನ್ನಾಗಿ ಬಂದರೆ ಮುಂದಿನ ವರ್ಷದಿಂದ ನೀವು ಪರ್ಮನೆಂಟ್," ಎಂದರು. ಆ ಮಾತನ್ನೇ ನಂಬಿ ನಾವು ಮನೆ ಕೊಳ್ಳಲು ಮಾರ್ಟ್‌ಗೇಜ್ ಬಗ್ಗೆ ವಿಚಾರಿಸಲು ಶುರು ಮಾಡಿದೆವು.

ಮೊದಲ ಸಲ ಆ ಕೊಲ್ಲಿಯನ್ನು ನೋಡಿದಾಗ ನನಗೆ ಅಳು ಬಂತು. ಅಘನಾಶಿನಿಯ ಉಪ್ಪುನೀರಿನ ಕಾಂಡ್ಲಾ ಗಿಡಗಳ ಅಣ್ಣತಮ್ಮಂದಿರೇ ಅಲ್ಲಿ ನಿಂತಿದ್ದವು. ಬೂದು ತೊಗಟೆ, ಕೆಸರಿನಿಂದ ಮೇಲೆದ್ದ ಪೆನ್ಸಿಲ್ಲಿನಂಥ ಉಸಿರುಬೇರುಗಳು. ಎರಡು ವರ್ಷ ಬಾಟಲಿಗಳನ್ನು ನೋಡಿದ ಕಣ್ಣಿಗೆ ನನ್ನ ಕಸುಬು ಮತ್ತೆ ಕಂಡಿತ್ತು. ತೊಡೆಯವರೆಗಿನ ರಬ್ಬರ್ ಬೂಟು ಹಾಕಿಕೊಂಡು ಕೆಸರಿಗಿಳಿದೆ. ಒಂದು ಚೌಕಟ್ಟನ್ನು ನೆಲದ ಮೇಲಿಟ್ಟು ಅದರೊಳಗಿನ ಬಿಲಗಳನ್ನು ಎಣಿಸುವುದು, ಕೆಸರನ್ನು ಜರಡಿ ಹಿಡಿದು ಸಿಕ್ಕಿದ್ದನ್ನು ಬರೆದುಕೊಳ್ಳುವುದು ನನ್ನ ಕೆಲಸ. ನೀರು ಇಳಿದಾಗ ಗೋಲಿಯ ಗಾತ್ರದ ನೀಲಿ ಏಡಿಗಳು ಸಾವಿರಗಟ್ಟಲೆ ಎದ್ದು ಪಡೆಯ ಹಾಗೆ ಮರಳಿನ ಮೇಲೆ ಹೊರಡುತ್ತಿದ್ದವು. ನನ್ನ ನೆರಳು ಬಿದ್ದರೆ ಸಾಕು, ನಿಂತಲ್ಲೇ ಗಿರಗಿರನೆ ತಿರುಗಿ ಮರಳೊಳಗೆ ಮಾಯ. ಉದ್ದ ಕೊಕ್ಕಿನ ಕಂದು ಹಕ್ಕಿಗಳು ದಿನವಿಡೀ ಕೆಸರು ಕುಕ್ಕುತ್ತಿದ್ದವು. ಅವು ಭೂಮಿಯ ಉತ್ತರದ ತುದಿಯಲ್ಲಿ ಮೊಟ್ಟೆಯಿಟ್ಟು, ಬೇಸಿಗೆ ಕಳೆಯಲು ಇಲ್ಲಿಗೆ ಬರುವಂಥವು. ಮಾರ್ಚ್ ಹೊತ್ತಿಗೆ ಮೈ ತುಂಬಿಕೊಂಡು, ಒಂದು ಸಂಜೆ ಗುಂಪಾಗಿ ಎದ್ದು ಹೊರಟುಹೋದವು. ಮಾರನೆಯ ದಿನ ಖಾಲಿ ಕೆಸರನ್ನು ನೋಡಿ ನನಗೆ ಇಡೀ ದಿನ ಏನೋ ಕಳೆದುಕೊಂಡ ಹಾಗಿತ್ತು.

ದೋಣಿ ಇಲ್ಲದೆ ಅಲ್ಲಿ ಕೆಲಸವಾಗುತ್ತಿರಲಿಲ್ಲ. ನನ್ನನ್ನು ತಮ್ಮ ಚಪ್ಪಟೆ ತಳದ ದೋಣಿಯಲ್ಲಿ ಕರೆದೊಯ್ಯುತ್ತಿದ್ದವರು ಲೆಸ್. ಅರವತ್ತೈದರ ಆಸುಪಾಸು, ಹೆಂಡತಿ ತೀರಿಕೊಂಡಿದ್ದರು. ಮೂರು ತಲೆಮಾರಿನಿಂದ ಆ ಕೊಲ್ಲಿಯಲ್ಲಿ ಆಯ್ಸ್ಟರ್ ಎಂಬ ತಿನ್ನುವ ಸಿಂಪಿಗಳನ್ನು ಸಾಕುವ ಮನೆತನ. ನೀರಿನೊಳಗೆ ಡಾಂಬರು ಬಳಿದ ಕೋಲುಗಳ ಚೌಕಟ್ಟು ಕಟ್ಟಿ, ಅದಕ್ಕೆ ಅಂಟಿಕೊಂಡು ಬೆಳೆದ ಚಿಪ್ಪುಗಳನ್ನು ಮೂರು ನಾಲ್ಕು ವರ್ಷ ಕಾದು ಬಿಡಿಸಬೇಕು. ಮೊದಲ ದಿನ ಒಂದನ್ನು ಚಾಕುವಿನಿಂದ ತೆರೆದು ನನ್ನ ಮುಂದೆ ಹಿಡಿದರು.

"ತಗೋ ಪ್ರೊಫೆಸರ್. ಕೊಲ್ಲಿಯ ರುಚಿ ಗೊತ್ತಾಗದೆ ಅದರ ಬಗ್ಗೆ ಏನು ಬರೀತೀಯ?"

"ನಾನು ತಿನ್ನಲ್ಲ ಲೆಸ್. ನಮ್ಮ ಮನೇಲಿ ಮೊಟ್ಟೇನೂ ತಿನ್ನಲ್ಲ."

"ಹೆಸರು, ವಯಸ್ಸು, ಹೊಟ್ಟೆಯೊಳಗೇನಿದೆ ಎಲ್ಲಾ ಗೊತ್ತು. ರುಚಿ ಮಾತ್ರ ಗೊತ್ತಿಲ್ಲ!" ಎಂದು ನಕ್ಕು ತಾವೇ ನುಂಗಿದರು. ಮರುದಿನದಿಂದ ನನಗಾಗಿ ಸೇಬುಹಣ್ಣು ತಂದಿಡುತ್ತಿದ್ದರು. ಅವರಿಗೆ ಬೆನ್ನುನೋವು, ಕೈಗಳು ಚಿಪ್ಪಿನ ಅಂಚಿಗೆ ಕೊಯ್ದು ಕೊಯ್ದು ದಪ್ಪಗಾಗಿದ್ದವು. ಮರೀನಾ ಬಂದರೆ ತಮ್ಮ ಜಾಗವನ್ನೂ ಮರೀನಾದವರೇ ಕೊಂಡುಕೊಳ್ಳುತ್ತಾರೆ, ಮಗಳ ಹತ್ತಿರ ಹೋಗಿ ನೆಮ್ಮದಿಯಾಗಿರಬಹುದು ಎಂಬ ಆಸೆ ಅವರಿಗಿತ್ತು.

ಅವರ ಶೆಡ್ಡಿನಿಂದ ಕೂಗಳತೆಯ ದೂರದಲ್ಲಿ, ಕಾಂಡ್ಲಾ ಗಿಡಗಳ ಹಿಂದೆ ಒಂದು ದಿಬ್ಬವಿತ್ತು. ಹುಲ್ಲು ಬೆಳೆದಿತ್ತು, ಒಂದು ಪಕ್ಕ ಮಾತ್ರ ಗೋಡೆಯ ಹಾಗೆ ನೇರವಾಗಿ ಕಡಿದುಹೋಗಿತ್ತು. ಹೋಟೆಲು ಬರಬೇಕಿದ್ದುದು ಅಲ್ಲೇ. ಗ್ರಹಾಂ ಕೊಟ್ಟ ನಕ್ಷೆಯಲ್ಲಿ "ಆಯ್ಸ್ಟರ್ ಸಾಕುವವರು ಎಸೆದ ಚಿಪ್ಪು" ಎಂದು ಬರೆದಿತ್ತು. ಏಪ್ರಿಲ್‌ನಲ್ಲಿ ಒಂದು ದಿನ ಮಳೆಗೆ ಸಿಕ್ಕಿ ಆ ಕಡಿದ ಬದಿಗೆ ಒರಗಿ ನಿಂತಿದ್ದೆ. ಕಣ್ಣಿನ ಮಟ್ಟದಲ್ಲೇ ಚಿಪ್ಪುಗಳ ಪದರಗಳು. ನೋಡುತ್ತಾ ನೋಡುತ್ತಾ ನನಗೆ ಒಂದು ವಿಷಯ ಹೊಳೆಯಿತು. ಅವು ಆಯ್ಸ್ಟರ್‌ಗಳೇ ಅಲ್ಲ. ಕೆಸರಿನಲ್ಲಿ ಹುದುಗಿರುವ, ಗೆರೆಗೆರೆಯ ದುಂಡು ಚಿಪ್ಪಿಕಲ್ಲುಗಳು. ಎಲ್ಲವೂ ಚೆನ್ನಾಗಿ ಬಲಿತವು, ಒಂದೇ ಅಳತೆಯವು.

ಇದು ನನ್ನ ಪಿಎಚ್‌ಡಿಯ ಪಾಠವೇ ಆಗಿತ್ತು. ಕಡಲು ತಾನಾಗಿ ರಾಶಿ ಹಾಕಿದ ಚಿಪ್ಪಿನಲ್ಲಿ ಮರಿಗಳೂ ಇರುತ್ತವೆ, ಮುದಿಯವೂ ಇರುತ್ತವೆ, ಬರೀ ಚೂರೂ ಇರುತ್ತದೆ. ದೊಡ್ಡವನ್ನೇ ಆರಿಸಿ ತರುವುದು ಮನುಷ್ಯನ ಕೈ. ಅಘನಾಶಿನಿಯಲ್ಲಿ ಹೆಂಗಸರು ಸೊಂಟದ ನೀರಿನಲ್ಲಿ ನಿಂತು, ಕಾಲಿನಿಂದಲೇ ತಡಕಿ, ಚಿಕ್ಕದನ್ನು ಮತ್ತೆ ನೀರಿಗೆ ಬಿಡುವುದನ್ನು ನಾನೇ ನೋಡಿದ್ದೆ. ಪದರಗಳ ನಡುವೆ ಇದ್ದಿಲಿನ ಕಪ್ಪು ಗೆರೆಗಳಿದ್ದವು, ಮೀನಿನ ಮೂಳೆಗಳಿದ್ದವು. ನಾನು ಒರಗಿ ನಿಂತದ್ದು ಎಷ್ಟೋ ನೂರು ತಲೆಮಾರುಗಳ ಅಡುಗೆಮನೆಗೆ.

ಆ ಕಡಿದ ಬದಿಯೂ ಆಮೇಲೆ ಅರ್ಥವಾಯಿತು. ಕುಮಟಾ ಕಡೆ ಚಿಪ್ಪು ಸುಟ್ಟು ಸುಣ್ಣ ಮಾಡುವ ಗೂಡುಗಳನ್ನು ಕಂಡಿದ್ದೆ. ದಿಬ್ಬದ ಬುಡದಲ್ಲಿ ಕಲ್ಲಿನ ಅಂಥದೇ ಒಂದು ಗೂಡು ಕುಸಿದು ಬಿದ್ದಿತ್ತು. ಬಿಳಿಯರು ಬಂದ ಹೊಸದರಿಂದ ನೂರು ವರ್ಷ ಗಾರೆಗೆ ಸುಣ್ಣ ಬೇಕಾಗಿ ಈ ಕರಾವಳಿಯ ಉದ್ದಕ್ಕೂ ಇಂಥ ದಿಬ್ಬಗಳನ್ನು ಅಗೆದು ಸುಟ್ಟರು ಎಂದು ಲೈಬ್ರರಿಯಲ್ಲಿ ಓದಿದೆ. ಒಬ್ಬರು ಉಂಡು ಬಿಟ್ಟ ಚಿಪ್ಪು ಇನ್ನೊಬ್ಬರ ಗೋಡೆಯಾಗಿತ್ತು. ಆ ಊರಿನ ಹಳೆಯ ಚರ್ಚಿನ ಮುಂದೆ ಹಾದುಹೋಗುವಾಗ ಅದರ ಗಾರೆಯನ್ನು ಬೆರಳಿನಿಂದ ಮುಟ್ಟಿ ನೋಡುವುದು ಅಭ್ಯಾಸವಾಯಿತು.

ಆ ಗೂಡಿನ ಬಗ್ಗೆ ಲೆಸ್‌ರನ್ನು ಕೇಳಿದೆ. ಅವರು ಶೆಡ್ಡಿನಲ್ಲಿ ಕೂತು ಚಿಪ್ಪು ಬಿಡಿಸುತ್ತಿದ್ದರು.

"ಗೂಡು ನಮ್ಮ ಅಜ್ಜಂದೇ," ಎಂದರು. "ಆಮೇಲೆ ನಮ್ಮಪ್ಪ, ನಾನು ಕೂಡ ಅಗೆದ್ವಿ. ಕೋಳಿಗಳಿಗೆ ಹಾಕೋಕೆ ಚಿಪ್ಪಿನ ಪುಡಿ ಮಾಡಿ ಮಾರ್ತಿದ್ವಿ. ಆಮೇಲೆ ನಿಲ್ಲಿಸಿಬಿಟ್ಟೆ."

"ಯಾಕೆ ನಿಲ್ಲಿಸಿದಿರಿ?"

ಅವರು ಚಾಕು ಒರೆಸಿಟ್ಟು, "ನೀರು ಏರ್ತಾ ಇದೆ. ನಿನ್ನ ಏಡಿ ಎಣಿಸೋದಿದ್ದರೆ ಈಗಲೇ ನಡಿ," ಎಂದು ಎದ್ದುಹೋದರು.

ಆ ದಿಬ್ಬದ ಕಡೆಗೆ ಇನ್ನೊಬ್ಬರು ಬರುತ್ತಿದ್ದರು. ಮಡಚುವ ಕುರ್ಚಿ ಹಾಕಿಕೊಂಡು, ಗಾಳ ಹಿಡಿದು, ನೀರಿಗೆ ಮುಖ ಮಾಡಿ ಕೂರುವ ಒಬ್ಬ ವಯಸ್ಸಾದ ಹೆಂಗಸು. ಊರಿನ ಆಸ್ಪತ್ರೆಯ ಅಡುಗೆಮನೆಯಲ್ಲಿ ಕೆಲಸ ಮಾಡಿ ನಿವೃತ್ತರಾದವರು, ಈ ನೆಲದ ಮೂಲನಿವಾಸಿಗಳಾದ ಅಬೊರಿಜಿನಲ್ ಜನರಿಗೆ ಸೇರಿದವರು. ಎಲ್ಲರೂ ಅವರನ್ನು ಆಂಟಿ ಜೂನ್ ಎನ್ನುತ್ತಿದ್ದರು. ನಮ್ಮವರಲ್ಲೂ ಇಲ್ಲಿ ಎಲ್ಲರೂ ಆಂಟಿಯೇ. ಹಾಗಾಗಿ ನನ್ನ ಬಾಯಿಗೆ ಆ ಹೆಸರು ಸಲೀಸಾಗಿ ಬಂತು. ಅವರ ಜನರಲ್ಲಿ ಅದು ಹಿರಿಯರಿಗೆ ಮಾತ್ರ ಸಲ್ಲುವ ಗೌರವವೆಂದು ಆಮೇಲೆ ತಿಳಿಯಿತು.

ಬಹಳ ದಿನ ಅವರು ಹವೆಯ ಬಗ್ಗೆ, ಮೀನಿನ ಬಗ್ಗೆ ಮಾತ್ರ ಮಾತಾಡಿದರು. ದಿಬ್ಬದಲ್ಲಿ ನಾನು ಕಂಡದ್ದನ್ನು ಒಂದು ದಿನ ಹೇಳಿದಾಗ ಗಾಳ ಎಳೆದುಕೊಂಡು ನನ್ನನ್ನೇ ನೋಡಿದರು.

"ಅದನ್ನ ಕಂಡುಹಿಡಿಯೋಕೆ ನೀನು ಇಂಡಿಯಾದಿಂದ ಬರಬೇಕಾಯ್ತಾ?"

ನನಗೆ ನಾಚಿಕೆಯಾಯಿತು. ಅವರೇ ಮುಂದುವರಿಸಿದರು. "ನಮ್ಮಜ್ಜಿ ಹುಟ್ಟಿದ್ದು ಇಲ್ಲೇ. ದಕ್ಷಿಣದ ಗಾಳಿ ಬೀಸಿದಾಗ ದಿಬ್ಬದ ಈ ಕಡೆ ಕೂತು ಚಿಪ್ಪು ಸುಟ್ಟು ತಿಂತಿದ್ರಂತೆ. ನಮ್ಮಮ್ಮ ಚಿಕ್ಕವಳಿದ್ದಾಗ ಸರ್ಕಾರದವರು ಎಲ್ಲರನ್ನೂ ಲಾರಿಗೆ ಹತ್ತಿಸಿ, ನಮ್ಮ ಜನರನ್ನ ಕೂಡಿಹಾಕೋ ದೂರದ ಮಿಷನ್‌ಗೆ ಸಾಗಿಸಿದ್ರು. ನಾನು ದೊಡ್ಡವಳಾದ ಮೇಲೆ ಕೆಲಸ ಹುಡುಕಿಕೊಂಡು ವಾಪಸ್ ಬಂದೆ. ಇದನ್ನೆಲ್ಲ ಮರೀನಾದವರಿಗೆ ಹೇಳಿದೆ. ಪೇಪರ್ ಎಲ್ಲಿದೆ ಅಂದ್ರು. ನನ್ನ ಹತ್ರ ಪೇಪರ್ ಇಲ್ಲ. ಬರೆಯೋಳು ನೀನು. ಏನು ಬರೀತೀಯ?"

ನಾಲ್ಕು ಪುಟ ಬರೆದೆ. ಅಳತೆಗಳು, ಚಿತ್ರಗಳು, ಇದ್ದಿಲು, ಮೂಳೆ ಎಲ್ಲ ಸೇರಿಸಿದೆ. ಸೆಪ್ಟೆಂಬರಿನಲ್ಲಿ ಗ್ರಹಾಂ ಆಫೀಸಿಗೆ ಕರೆದರು. ಕೆಟ್ಟ ಮನುಷ್ಯರಲ್ಲ, ನನಗೆ ಕುರ್ಚಿ ಎಳೆದುಕೊಟ್ಟು ತಾವೇ ಟೀ ತಂದರು.

"ನಿಮ್ಮ ಏಡಿಗಳ ಅಧ್ಯಾಯ ತುಂಬಾ ಚೆನ್ನಾಗಿದೆ. ಆದರೆ ಈ ದಿಬ್ಬ ನಮ್ಮ ಕೆಲಸದ ವ್ಯಾಪ್ತಿಯಲ್ಲಿಲ್ಲ. ನೀವು ಪುರಾತತ್ವದವರೂ ಅಲ್ಲ."

"ಹಾಗಾದರೆ ಆ ವಿಷಯ ತಿಳಿದವರನ್ನು ಕರೆಸಿ ಅಂತ ಒಂದು ಸಾಲು ಬರೆಯೋಣ."

"ಬರೆದರೆ ಇಡೀ ಯೋಜನೆ ಎರಡು ವರ್ಷ ನಿಲ್ಲುತ್ತೆ. 'ಇತ್ತೀಚಿನ ಚಿಪ್ಪಿನ ರಾಶಿ' ಅಂತ ಇರಲಿ. ನಿಮ್ಮ ಸಹಿ ಬೇಕು, ವಸುಧಾ. ಜನವರಿಯಿಂದ ನಿಮ್ಮ ಪರ್ಮನೆಂಟ್ ಕಾಗದ ರೆಡಿ ಇದೆ."

ಸಹಿ ಮಾಡದೆ ಮನೆಗೆ ಬಂದೆ. ಶ್ರೀಧರ ಎಲ್ಲವನ್ನೂ ಕೇಳಿಸಿಕೊಂಡರು. ಆಮೇಲೆ, "ಊರ ಉಸಾಬರಿ ನಮಗ್ಯಾಕೆ ಕಣೇ? ಎರಡು ವರ್ಷ ಬಾಟಲಿ ನೋಡಿದ್ದು ಸಾಕಾಗಲಿಲ್ವಾ ನಿಂಗೆ?" ಎಂದರು.

"ರೀ, ನಾನು ಇಷ್ಟು ವರ್ಷ ಓದಿದ್ದು ಒಂದೇ ಒಂದು ವಿಷಯ. ಅದರಲ್ಲೇ ಸುಳ್ಳು ಹೇಳಲಾ?"

"ಸುಳ್ಳಲ್ಲ, ಸುಮ್ಮನಿರೋದು."

"ಸಹಿ ಹಾಕಿ ಸುಮ್ಮನಿರೋದು."

ಆ ವಾರವೆಲ್ಲ ನಾವು ಮಗಳ ಮೂಲಕವೇ ಮಾತಾಡಿಕೊಂಡೆವು. ನಾನು ಸಹಿ ಮಾಡಲಿಲ್ಲ. ವರದಿಯಿಂದ ನನ್ನ ನಾಲ್ಕು ಪುಟಗಳೂ ಹೋದವು, ಹೆಸರೂ ಹೋಯಿತು.

ಸಾರ್ವಜನಿಕ ಸಭೆ ನವೆಂಬರಿನ ಒಂದು ಶನಿವಾರ ಮಧ್ಯಾಹ್ನ, ಆ ಊರಿನ ಟೌನ್ ಹಾಲಿನಲ್ಲಿ. ನಾನು ಒಬ್ಬಳೇ ಹೊರಡುವುದೆಂದು ಬೆಳಿಗ್ಗೆ ಉಪ್ಪಿಟ್ಟು ಮಾಡಿಟ್ಟು ಬ್ಯಾಗು ಹಿಡಿದೆ. ಶ್ರೀಧರ ಕಾರಿನ ಕೀ ತೆಗೆದುಕೊಂಡು ಬಾಗಿಲಲ್ಲಿ ನಿಂತಿದ್ದರು. "ಅನುನ ಪಕ್ಕದ ಮನೇಲಿ ಬಿಟ್ಟಿದ್ದೀನಿ. ನಡಿ," ಎಂದರು, ಅಷ್ಟೇ.

ಟೌನ್ ಹಾಲ್ ಜನರಿಂದ ತುಂಬಿತ್ತು. ಊರಿನಲ್ಲಿ ಕೆಲಸಗಳಿರಲಿಲ್ಲ, ಯುವಕರೆಲ್ಲ ಸಿಡ್ನಿಗೆ ಹೋಗಿದ್ದರು. ಮರೀನಾ ಬಂದರೆ ಊರು ಉಳಿಯುತ್ತದೆಂದು ಬಹಳ ಜನ ನಂಬಿದ್ದರು. ಅವರದೂ ತಪ್ಪಲ್ಲ. ಗ್ರಹಾಂ ಬಣ್ಣದ ನಕ್ಷೆಗಳನ್ನು ತೋರಿಸಿ, ದಿಬ್ಬವನ್ನು ಒಂದೇ ವಾಕ್ಯದಲ್ಲಿ ದಾಟಿಸಿದರು. ಪ್ರಶ್ನೆಗಳ ಸರದಿ ಬಂದಾಗ ಎದ್ದು ನಿಂತೆ. ಆ ಚಿಪ್ಪುಗಳು ಯಾರೋ ಎಸೆದ ಆಯ್ಸ್ಟರ್ ಅಲ್ಲ, ಮನುಷ್ಯರು ಆರಿಸಿ ತಂದು ಬೇಯಿಸಿ ತಿಂದವು ಎಂದು ನನಗೆ ಗೊತ್ತಿದ್ದಷ್ಟನ್ನು ಹೇಳಿದೆ.

ಹಿಂದಿನಿಂದ ಒಬ್ಬರು ಕೂಗಿದರು: "ನೀನು ಎಲ್ಲಿಂದ ಬಂದವಳು? ನಮ್ಮ ಊರಿನ ಬಗ್ಗೆ ನಮಗೇ ಪಾಠ ಹೇಳ್ತೀಯಾ?" ಕೆಲವರು ನಕ್ಕರು. ಗೋಡೆಗೆ ಒರಗಿದ್ದ ಶ್ರೀಧರ ನೆಟ್ಟಗೆ ನಿಂತದ್ದು ಕಂಡಿತು. ಮುಂದಿನ ಸಾಲಿನಲ್ಲಿದ್ದ ಆಂಟಿ ಜೂನ್ ತಿರುಗಿಯೂ ನೋಡಲಿಲ್ಲ.

ಆಗ ಲೆಸ್ ಎದ್ದರು. ಟೋಪಿ ಕೈಯಲ್ಲಿತ್ತು.

"ನಾನು ಈ ಊರಿನವನೇ. ಅದರ ಬಗ್ಗೆ ಅನುಮಾನ ಬೇಡ," ಎಂದರು. "ಆಕೆ ಹೇಳ್ತಿರೋದು ನಿಜ. ನಾವೆಲ್ಲ ಬಲ್ಲೆವು. ಆಗ ನನಗೆ ಹೊಸದಾಗಿ ಮದುವೆಯಾಗಿತ್ತು. ಅಪ್ಪ, ನಾನು ದಿಬ್ಬ ಅಗೀತಿದ್ವಿ. ನನ್ನ ಸಲಿಕೆಗೆ ಒಂದು ತಲೆಬುರುಡೆ ಸಿಕ್ತು. ಮಣ್ಣು ಸರಿಸಿದೆ. ಮೊಣಕಾಲು ಮಡಚಿ, ಪಕ್ಕಕ್ಕೆ ತಿರುಗಿಸಿ ಮಲಗಿಸಿದ್ರು. ಪ್ರೀತಿಯಿಂದ ಮಲಗಿಸಿದ್ರು ಅಂತ ಯಾರಿಗಾದರೂ ಗೊತ್ತಾಗ್ತಿತ್ತು. ಗಾಡಿಗೆ ಹಾಕು, ಪುಡಿಯಾಗುತ್ತೆ ಅಂದ ಅಪ್ಪ. ನಾನು ಆ ದಿನ ಅಪ್ಪ ಊಟಕ್ಕೆ ಹೋದಾಗ ಎಲ್ಲಾನೂ ಹಿಟ್ಟಿನ ಚೀಲಕ್ಕೆ ತುಂಬಿ ನಮ್ಮ ಶೆಡ್ಡಿನ ಹಿಂದಿನ ಅತ್ತಿಮರದ ಕೆಳಗೆ ಹೂತೆ. ನಲವತ್ತು ವರ್ಷ ಆಯ್ತು. ಈಗಲೂ ಅಲ್ಲೇ ಇದೆ."

ಲೆಸ್ ಜೂನ್ ಕಡೆ ತಿರುಗಿದರು. ಜೂನ್ ಎದ್ದು, ಕೈಚೀಲ ತೆಗೆದುಕೊಂಡು, ಯಾರ ಮುಖವನ್ನೂ ನೋಡದೆ ಹೊರಗೆ ನಡೆದರು.

ಮುಂದಾದದ್ದನ್ನು ಬೇಗ ಹೇಳಿಬಿಡಬಹುದು. ಮರೀನಾ ನಿಲ್ಲಲಿಲ್ಲ, ಕೊಲ್ಲಿಯ ಆಚೆ ದಡಕ್ಕೆ ಹೋಯಿತು. ಅಲ್ಲಿಯ ಕಾಂಡ್ಲಾ ಗಿಡಗಳನ್ನು ಕಡಿದರು. ನೀಲಿ ಏಡಿಗಳು ಅತಿ ಹೆಚ್ಚು ಇದ್ದದ್ದು ಅದೇ ಕೆಸರಿನಲ್ಲಿ. ಅದು ನನ್ನ ಮನಸ್ಸಿನಿಂದ ಇಂದಿಗೂ ಹೋಗಿಲ್ಲ. ದಿಬ್ಬಕ್ಕೆ ಬೇಲಿ ಬಂತು. ಲೆಸ್‌ರ ಜಾಗ ಯಾರಿಗೂ ಬೇಡವಾಯಿತು. ಮುಂದೆ ಆಯ್ಸ್ಟರ್‌ಗಳಿಗೆ ರೋಗ ಬಂದು ಅವರ ಚೌಕಟ್ಟುಗಳು ಖಾಲಿಯಾದವು. ಆದರೂ ಶೆಡ್ಡು ಬಿಟ್ಟು ಮಗಳ ಮನೆಗೆ ಹೋಗಲಿಲ್ಲ. ನನ್ನ ಕಾಂಟ್ರ್ಯಾಕ್ಟ್ ಡಿಸೆಂಬರಿನಲ್ಲಿ ಮುಗಿಯಿತು, ಯಾರೂ ಮುಂದುವರಿಸಲಿಲ್ಲ. ಶ್ರೀಧರರಿಗೆ ಮೆಲ್ಬರ್ನ್‌ಗೆ ವರ್ಗವಾಯಿತು. ನಾನು ಮತ್ತೆ ಓದಿ ಹೈಸ್ಕೂಲ್ ಟೀಚರಾದೆ. ಮಕ್ಕಳಿಗೆ ಏಡಿಯ ಕಾಲು ಎಣಿಸಲು ಕಲಿಸುವುದರಲ್ಲಿ ನನಗೆ ಸುಖವೇ ಸಿಕ್ಕಿತು.

ಸಭೆಯಾದ ಮೇಲೆ ಅತ್ತಿಮರದ ಕೆಳಗಿನ ಆ ಮೂಳೆಗಳನ್ನು ಅಧಿಕಾರಿಗಳು ಅಗೆದು ಪೆಟ್ಟಿಗೆಯಲ್ಲಿಟ್ಟು ಸಿಡ್ನಿಗೆ ಒಯ್ದಿದ್ದರು. ಅವನ್ನು ವಾಪಸ್ಸು ತರಲು ಜೂನ್ ವರ್ಷಗಟ್ಟಲೆ ಕಾಗದ ಬರೆದರು. ಕೆಲವು ಕಾಗದಗಳ ಕರಡು ನನಗೆ ಕಳಿಸುತ್ತಿದ್ದರು, ನಾನು ಟೈಪ್ ಮಾಡಿ ಕಳಿಸುತ್ತಿದ್ದೆ. ತೊಂಬತ್ತರ ದಶಕ ಮುಗಿಯುತ್ತಿದ್ದ ಒಂದು ಚಳಿಗಾಲದಲ್ಲಿ ಅವರ ಫೋನ್ ಬಂತು. "ಕೊಟ್ಟರು. ಹೆಂಗಸಂತೆ, ಬಹಳ ಹಿಂದಿನವಳು. ಬರ್ತೀಯಾ?" ನಾನೂ ಶ್ರೀಧರರೂ ವಿಮಾನದಲ್ಲಿ ಸಿಡ್ನಿಗೆ ಹೋಗಿ, ಅಲ್ಲಿಂದ ಕಾರು ಮಾಡಿಕೊಂಡು ಹೋದೆವು.

ಆ ಮೂಳೆಗಳನ್ನು ಮತ್ತೆ ದಿಬ್ಬದಲ್ಲೇ ಮಲಗಿಸಲು ಬೇಲಿಯೊಳಗೆ ಜೂನ್, ಅವರ ಮಕ್ಕಳು, ಮೊಮ್ಮಕ್ಕಳು, ಎಲ್ಲೆಲ್ಲಿಂದಲೋ ಬಂದ ಅವರ ಜನ. ಹೊಗೆ ಏಳುತ್ತಿತ್ತು. ಒಳಗೆ ನಡೆದದ್ದು ಅವರದು; ನಾವು ಹೊರಗಿದ್ದೆವು. ಲೆಸ್ ಕೋಲೂರಿಕೊಂಡು, ಕೋಟು ಟೈ ಹಾಕಿಕೊಂಡು, ನಮ್ಮ ಪಕ್ಕದಲ್ಲಿ ಬೇಲಿಯ ಗೂಟ ಹಿಡಿದು ನಿಂತಿದ್ದರು. ತುಂಬಾ ಇಳಿದುಹೋಗಿದ್ದರು. ಗಂಟೆಗಳೇ ಕಳೆದರೂ ಕೂರಲು ಒಪ್ಪಲಿಲ್ಲ.

ಎಲ್ಲ ಮುಗಿದ ಮೇಲೆ ಜೂನ್ ನೇರವಾಗಿ ಅವರ ಹತ್ತಿರ ಬಂದರು. ಲೆಸ್ ಟೋಪಿ ತೆಗೆದರು.

"ನಾನು ಆವತ್ತೇ ನಿಮ್ಮ ಜನರ ಹತ್ರ ಬರಬೇಕಿತ್ತು, ಜೂನ್."

"ಹೌದು. ಬರಬೇಕಿತ್ತು."

ನಾನು ಬೇರೆ ಕಡೆ ನೋಡಿದೆ.

"ಅಷ್ಟು ವರ್ಷ ಆ ಮರದ ಕೆಳಗೆ ಅವಳೊಬ್ಬಳೇ ಇದ್ದಳಾ?" ಎಂದು ಜೂನ್ ಕೇಳಿದರು.

"ನಾನಿದ್ದೆ," ಎಂದರು ಲೆಸ್. "ದಿನಾ ಬೆಳಿಗ್ಗೆ ದೋಣಿ ಬಿಡೋಕೆ ಮುಂಚೆ ಗುಡ್ ಮಾರ್ನಿಂಗ್ ಹೇಳ್ತಿದ್ದೆ. ಹೆಸರು ಗೊತ್ತಿರಲಿಲ್ಲ ನಂಗೆ."

"ನಂಗೂ ಗೊತ್ತಿಲ್ಲ ಲೆಸ್," ಎಂದರು ಜೂನ್.

ದಡದಲ್ಲಿ ಟೀ, ಬ್ರೆಡ್ಡು ಇಟ್ಟಿದ್ದರು. ಅಲ್ಲಿಗೆ ಇಳಿಯುವ ದಾರಿ ಮರಳಿನದು, ಕಡಿದಾಗಿತ್ತು. ಲೆಸ್ ಕೋಲು ಊರಿ ಹಿಂಜರಿದರು. ಜೂನ್ ಲೆಸ್‌ರ ತೋಳಿನ ಕೆಳಗೆ ತಮ್ಮ ಕೈ ತೂರಿಸಿ, ಭಾರವನ್ನು ತಮ್ಮ ಮೇಲೆ ಎಳೆದುಕೊಂಡು, ಒಂದೊಂದೇ ಹೆಜ್ಜೆ ಇಡುತ್ತಾ ಕೆಳಗೆ ಇಳಿಸಿಕೊಂಡು ಹೋದರು.